ಕಿರ್ವನ್ ನಿಜವಾಗಿ ಸೋತ ಕೋಚಾ?

ವಿಂಗ್_14: ರಗ್ಬಿ ಆಟಗಾರ ಜಾನ್ ಕಿರ್ವನ್ ಬಗ್ಗೆ ಯಾರೋ "ಒಳ್ಳೆ ವಿಂಗರ್, ಸೋತ ಕೋಚ್" ಅಂತ ಒಂದೇ ಸಾಲಲ್ಲಿ ಮುಗಿಸಿದ್ದು ನೋಡಿ ಬೇಜಾರಾಯಿತು. ವಿಂಗರ್ ಅಂದರೆ ಮೈದಾನದ ಅಂಚಿನಲ್ಲಿ ಓಡುವ ಆಟಗಾರ. ನ್ಯೂಜಿಲೆಂಡ್‌ ಪರ 63 ಟೆಸ್ಟ್ (ದೇಶ-ದೇಶಗಳ ನಡುವಿನ ಪಂದ್ಯ), 35 ಟ್ರೈ (ಎದುರಾಳಿಯ ಗೆರೆಯಾಚೆ ಚೆಂಡು ಊರಿ ಅಂಕ ಗಳಿಸೋದು). 1987ರಲ್ಲಿ ಮೊಟ್ಟಮೊದಲ ವಿಶ್ವಕಪ್‌ನ ಮೊದಲ ಪಂದ್ಯ, ಈಡನ್ ಪಾರ್ಕ್, ಎದುರಿಗೆ ಇಟಲಿ. ತಮ್ಮ ಕಡೆಯೇ ತುಂಬಾ ಹಿಂದೆ ಚೆಂಡು ಸಿಕ್ಕಿತು. ಅಲ್ಲಿಂದ ಒಬ್ಬೊಬ್ಬರನ್ನೇ ತಪ್ಪಿಸಿಕೊಂಡು ಹೆಚ್ಚುಕಮ್ಮಿ ಇಡೀ ಮೈದಾನ ಓಡಿ ಟ್ರೈ ಹೊಡೆದರು. ಇದರ ಬಗ್ಗೆ ಯಾರದೂ ತಕರಾರಿಲ್ಲ. ಕೋಚ್ ಆಗಿ ಅವರನ್ನು ಹೇಗೆ ನೋಡುತ್ತೀರಿ?

ಆಕ್ಲೆಂಡ್_ಕನ್ನಡಿಗ: ನಾನು ಇಲ್ಲೇ ಆಕ್ಲೆಂಡಲ್ಲಿ ಇರೋದು, ಈ ಊರಿನ ಬ್ಲೂಸ್ ತಂಡದ ಅಭಿಮಾನಿ. 2013ರಿಂದ 2015ರವರೆಗೆ ಅವರೇ ಕೋಚ್. ಮೂರು ವರ್ಷದಲ್ಲಿ ಒಮ್ಮೆಯೂ ಕೊನೆಯ ನಾಕೌಟ್ ಹಂತಕ್ಕೆ, ಅಂದರೆ ಪ್ಲೇಆಫ್‌ಗೆ ಹೋಗಲಿಲ್ಲ. ಊರಿನವರೇ, ಎಲ್ಲರಿಗೂ ಪ್ರೀತಿ ಇತ್ತು, ಆದರೂ ಸೋಲು ಸೋಲೇ ಅಲ್ವಾ?

ತ್ರೆವಿಸೋ_ಫ್ಯಾನ್: ಬ್ಲೂಸ್ ಮಾತ್ರ ಯಾಕೆ ನೋಡ್ತೀರಿ ಸರ್? 2002ರಲ್ಲಿ ಅವರು ಇಟಲಿ ತಂಡವನ್ನು ವಹಿಸಿಕೊಂಡರು. ಇಟಲಿ ಯುರೋಪಿನ ಆರು ದೇಶಗಳ ಟೂರ್ನಿ ಸಿಕ್ಸ್ ನೇಷನ್ಸ್‌ಗೆ ಸೇರಿ ಆಗ ಎರಡೇ ವರ್ಷ. 2003ರಲ್ಲಿ ರೋಮ್‌ನಲ್ಲಿ ವೇಲ್ಸ್ ವಿರುದ್ಧ 30-22, ಮರುವರ್ಷ ಸ್ಕಾಟ್ಲೆಂಡ್ ವಿರುದ್ಧ 20-14. ತಾವು ಯಾವ ದೇಶದ ಎದುರು ಆ ಟ್ರೈ ಹೊಡೆದು ಹೆಸರು ಮಾಡಿದ್ದರೋ ಅದೇ ದೇಶಕ್ಕೆ ಹೋದರು, ಅಲ್ಲಿನ ತ್ರೆವಿಸೋ ಊರಿನ ತಂಡದಲ್ಲಿ ಆಡಿದರು, ಅವರ ಭಾಷೆ ಕಲಿತರು, ಕೊನೆಗೆ ಅವರಿಗೇ ಗೆಲ್ಲೋದು ಕಲಿಸಿದರು. 2005ರಲ್ಲಿ ಅವರನ್ನು ತೆಗೆದರು, ಅದು ನನಗೆ ಈಗಲೂ ಸರಿ ಅನಿಸಿಲ್ಲ.

ವಿಂಗ್_14: ಆಮೇಲೆ ಅವರು ಜಪಾನ್ ತಂಡದ ಕೋಚ್ ಆದರು, ಆ ಕಥೆ ಇನ್ನೂ ಚೆನ್ನಾಗಿದೆ. 2007ರ ವಿಶ್ವಕಪ್, ಫ್ರಾನ್ಸ್‌ನ ಬೋರ್ಡೋ, ಕೆನಡಾ ವಿರುದ್ಧ. ಆಟದ ಸಮಯ ಮುಗಿದುಹೋಗಿತ್ತು, 5-12ರಲ್ಲಿ ಹಿಂದಿದ್ದರು. ಕೋಜಿ ತೈರಾ ಮೂಲೆಯಲ್ಲಿ ಟ್ರೈ ಹೊಡೆದರು. ಚೆಂಡು ಎಲ್ಲಿ ಊರಿದರೋ ಆ ನೇರದಿಂದಲೇ ಕನ್ವರ್ಷನ್ (ಟ್ರೈ ಆದಮೇಲೆ ಇನ್ನೆರಡು ಅಂಕಕ್ಕೆ ಕಂಬಗಳ ನಡುವೆ ಒದೆಯೋ ಅವಕಾಶ) ಒದೆಯಬೇಕು. ಅಂದರೆ ಸೈಡ್‌ಲೈನ್ ಪಕ್ಕದಿಂದ, ಕಂಬಗಳ ನಡುವಿನ ಜಾಗ ಅಲ್ಲಿಂದ ಇಷ್ಟೇ ಇಷ್ಟು ಕಾಣುತ್ತೆ. ಶೋತಾರೋ ಒನಿಶಿ ಒದ್ದರು, ಒಳಗೆ ಹೋಯಿತು, 12-12. ವಿಶ್ವಕಪ್‌ನಲ್ಲಿ ಸತತ 13 ಪಂದ್ಯ ಸೋತಿದ್ದ ತಂಡ ಅದು! ನಾನು ಬೆಂಗಳೂರಲ್ಲಿ ಕ್ಲಬ್‌ಗೆ ವಿಂಗ್ ಆಡುತ್ತಿದ್ದೆ, ಆ ಮೂಲೆಯಿಂದ ಒದೆಯೋದು ಎಂಥ ಕಷ್ಟ ಅಂತ ಗೊತ್ತು.

ಆಕ್ಲೆಂಡ್_ಕನ್ನಡಿಗ: ಅದು ಡ್ರಾ, ಗೆಲುವಲ್ಲ. 2011ರ ವಿಶ್ವಕಪ್‌ನಲ್ಲಿ ಇಲ್ಲಿನ ಹ್ಯಾಮಿಲ್ಟನ್‌ನಲ್ಲಿ ನ್ಯೂಜಿಲೆಂಡ್ ಎದುರು ಮುಖ್ಯ ಆಟಗಾರರಲ್ಲಿ ಸುಮಾರು ಜನರನ್ನು ಆಡಿಸದೆ ಕೂರಿಸಿ 83-7ಕ್ಕೆ ಸೋತರಲ್ಲ, ದುಡ್ಡು ಕೊಟ್ಟು ಬಂದ ಜಪಾನಿ ಅಭಿಮಾನಿಗಳಿಗೆ ಏನು ಹೇಳ್ತೀರಿ?

ಹುಬ್ಳಿ_ಸ್ಕ್ರಮ್: ಆ ಪ್ರಶ್ನೆ ನ್ಯಾಯವಾದದ್ದೇ. ಆದರೆ ದಿನಾಂಕ ನೋಡಿ. ಆಲ್ ಬ್ಲ್ಯಾಕ್ಸ್ (ನ್ಯೂಜಿಲೆಂಡ್ ತಂಡ) ಪಂದ್ಯ ಸೆಪ್ಟೆಂಬರ್ 16, ಟೋಂಗಾ ಪಂದ್ಯ 21. ನಡುವೆ ಐದೇ ದಿನ. ಗೆಲ್ಲೋ ಆಸೆ ಇದ್ದದ್ದು ಟೋಂಗಾ, ಕೆನಡಾ ಮೇಲೆ. ಆದರೂ ಟೋಂಗಾ ವಿರುದ್ಧ 31-18ರಲ್ಲಿ ಸೋತರು, ಕೆನಡಾ ವಿರುದ್ಧ ಕೊನೆಯ ನಿಮಿಷಗಳಲ್ಲಿ ಎಂಟು ಅಂಕದ ಮುನ್ನಡೆ ಬಿಟ್ಟುಕೊಟ್ಟು 23-23. ಲೆಕ್ಕ ಸರಿಯಿತ್ತು, ಫಲ ಸಿಗಲಿಲ್ಲ. ಆ ವಿಶ್ವಕಪ್ ಆದಮೇಲೆ ಕಿರ್ವನ್ ಜಪಾನ್ ತಂಡ ಬಿಟ್ಟರು. 2015ರಲ್ಲಿ ಹೊಸ ಕೋಚ್ ಎಡ್ಡಿ ಜೋನ್ಸ್ ಕೈಕೆಳಗೆ ಜಪಾನ್ ದಕ್ಷಿಣ ಆಫ್ರಿಕಾವನ್ನು 34-32ರಿಂದ ಸೋಲಿಸಿತು. ಕೀರ್ತಿಯೆಲ್ಲ ಜೋನ್ಸ್‌ಗೆ ಹೋಯಿತು. 2011ರಲ್ಲಿ ಕಿರ್ವನ್ ಜೊತೆ ಪೆಸಿಫಿಕ್ ದೇಶಗಳ ಟೂರ್ನಿ ಪೆಸಿಫಿಕ್ ನೇಷನ್ಸ್ ಕಪ್ ಅನ್ನು ಜಪಾನ್ ಮೊದಲ ಸಲ ಗೆದ್ದದ್ದನ್ನು ಯಾರೂ ನೆನೆಯೋದಿಲ್ಲ.

ತ್ರೆವಿಸೋ_ಫ್ಯಾನ್: ಇನ್ನೊಂದು ಮಾತು. ಆಡುವಾಗಲೇ ಅವರಿಗೆ ಖಿನ್ನತೆ ಇತ್ತು. ಅದನ್ನು ಮುಚ್ಚಿಡದೆ ಟಿವಿಯಲ್ಲಿ ಬಂದು ಹೇಳಿದರು. 2012ರಲ್ಲಿ ನೈಟ್ ಪದವಿ ("ಸರ್" ಬಿರುದು) ಸಿಕ್ಕಿದ್ದು ಆ ಕೆಲಸಕ್ಕೂ ಸೇರಿಸಿ.

ಆಕ್ಲೆಂಡ್_ಕನ್ನಡಿಗ: ಅದು ನಿಜ. ಇಲ್ಲಿ ನನ್ನ ಜೊತೆ ಕೆಲಸ ಮಾಡುವ ಒಬ್ಬ, ಕಿರ್ವನ್ ಹೇಳಿದ್ದು ಕೇಳಿದ ಮೇಲೇ ಡಾಕ್ಟರ್ ಹತ್ತಿರ ಹೋದ. ಬ್ಲೂಸ್ ಲೆಕ್ಕ ಬೇರೆ, ಅದನ್ನು ನಾನು ಬಿಡೋದಿಲ್ಲ. ಆದರೆ "ಸೋತ ಕೋಚ್" ಅನ್ನೋದು ಜಾಸ್ತಿ ಆಯಿತು, ಒಪ್ಪಿದೆ.