ಅಪ್‌ಡೇಟ್: ಸ್ಕೋನ್ ಕೊನೆಗೂ ಉಬ್ಬಿತು!

ಹೋದ ವಾರ ಕೇಳಿದ್ನಲ್ಲ, ಒಣದ್ರಾಕ್ಷಿ ಹಾಕಿದ ಸ್ಕೋನ್ (ಟೀ ಜೊತೆ ತಿನ್ನೋ, ಚಿಕ್ಕ ಬನ್ ಥರದ ಬ್ರಿಟಿಷ್ ತಿಂಡಿ) ಚಪ್ಪಟೆಯಾಗಿ ಗಟ್ಟಿ ಆಗ್ತಿದೆ, ಮೇಲಿರೋ ದ್ರಾಕ್ಷಿ ಸೀದು ಕಹಿ ಆಗ್ತಿದೆ ಅಂತ. ನೀವೆಲ್ಲ ಹೇಳಿದ ಹಾಗೇ ಭಾನುವಾರ ಮತ್ತೆ ಮಾಡ್ದೆ, ತುಂಬಾ ಚೆನ್ನಾಗಿ ಬಂತು, ನಿಜವಾಗ್ಲೂ ಥ್ಯಾಂಕ್ಸ್.

ಮುಖ್ಯ ತಪ್ಪು ಬೆಣ್ಣೆದು. ಮೆತ್ತಗಾಗಿರೋ ಬೆಣ್ಣೆ ಹಾಕಿ ಚಪಾತಿ ಹಿಟ್ಟಿನ ಥರ ನಾದ್ತಿದ್ದೆ, ಬೆಂಗಳೂರಿನ ಈ ಸೆಕೆಲಿ ಹೊರಗಿಟ್ರೆ ಸಾಕು ಅದು ಕರಗೋಕೆ ಶುರು. ಈ ಸಲ 60 ಗ್ರಾಂ ಬೆಣ್ಣೆನ ಫ್ರೀಜರಲ್ಲಿಟ್ಟು, ಕ್ಯಾರೆಟ್ ತುರಿಯೋ ಮಣೆಲಿ ತುರಿದು, 250 ಗ್ರಾಂ ಮೈದಾ, 3 ಟೀ ಸ್ಪೂನ್ ಬೇಕಿಂಗ್ ಪೌಡರ್, ಸ್ವಲ್ಪ ಸಕ್ಕರೆ, ಚಿಟಿಕೆ ಉಪ್ಪಿನ ಜೊತೆ ಬೆರಳ ತುದಿಲಿ ಉಜ್ಜಿದೆ, ದಪ್ಪ ರವೆ ಥರ ಆಯ್ತು, ಆಮೇಲೆ ತಣ್ಣಗಿರೋ ಹಾಲು 120 ಎಂಎಲ್ ಹಾಕಿ ಹಿಟ್ಟು ಒಂದಾಗೋ ತನಕ ಮಾತ್ರ ಕಲಸಿದೆ. ಅಂಟಂಟಾಗಿತ್ತು, ಇನ್ನಷ್ಟು ಮೈದಾ ಸುರಿಯೋಣ ಅಂತ ಕೈ ಹೋಗ್ತಿತ್ತು, ತಡ್ಕೊಂಡೆ.

ರಸೆಲ್ ಮಾರ್ಕೆಟ್ಟಿಂದ ತಂದ ಒಣದ್ರಾಕ್ಷಿ, ಏಪ್ರಿಕಾಟ್, ಖರ್ಜೂರ ಎಲ್ಲ ಸೇರಿ 75 ಗ್ರಾಂ, ಬಿಸಿ ಟೀ ಡಿಕಾಕ್ಷನ್‌ನಲ್ಲಿ ಅರ್ಧ ಗಂಟೆ ನೆನೆಸಿ ಬಟ್ಟೆಲಿ ಒರೆಸಿ ಹಾಕಿದೆ. ಮೇಲೆ ಎದ್ದಿದ್ದನ್ನ ಒಳಕ್ಕೆ ತಳ್ಳಿದೆ, ಒಂದೂ ಸೀದಿಲ್ಲ! ಒಂದಿಂಚು ದಪ್ಪ ತಟ್ಟಿ, ಕಟ್ಟರ್ ತಿರುಗಿಸದೆ ನೇರ ಒತ್ತಿದೆ. ತಿರುಗಿಸಿದ್ರೆ ಅಂಚು ಮುಚ್ಕೊಂಡು ಸರಿಯಾಗಿ ಏಳಲ್ಲ ಅಂದಿದ್ರಲ್ಲ, ನೂರಕ್ಕೆ ನೂರು ನಿಜ. ಓಟಿಜಿ (ಮನೆಲಿ ಬಳಸೋ ಚಿಕ್ಕ ಕರೆಂಟ್ ಓವನ್) 220 ಡಿಗ್ರಿ, 14 ನಿಮಿಷ. ಪಕ್ಕದಲ್ಲಿ ಪದರ ಪದರವಾಗಿ ಬಿರುಕು, ಕೈಯಲ್ಲಿ ಮುರಿದ್ರೆ ಒಳಗಿಂದ ಹಬೆ.

ಸ್ಕೋನ್ ಮೇಲೆ ಸವರೋ ಗಟ್ಟಿ ಇಂಗ್ಲಿಷ್ ಕೆನೆ, ಕ್ಲಾಟೆಡ್ ಕ್ರೀಮ್, ಸಿಗ್ಲಿಲ್ಲ, ಮನೆ ಹಾಲಿನ ಗಟ್ಟಿ ಕೆನೆನೇ ಸವರಿದೆ. ಮೊಟ್ಟೆ ಹಾಕಿಲ್ಲ ಅಂತ ಗೊತ್ತಾದ್ಮೇಲೆ ಅತ್ತೆ ಫಿಲ್ಟರ್ ಕಾಫಿ ಜೊತೆ ಎರಡು ತಿಂದು "ಇನ್ನೊಂದು ಕೊಡಮ್ಮ" ಅಂದ್ರು.