ನೋಟಿಸ್ ಮಾತ್ರ ಇದ್ದಾಗ ಪದೋನ್ನತಿ ತಡೆಹಿಡಿಯಬಹುದೇ?

ಪ್ರಶ್ನೆ

ಮಾನ್ಯರೇ, ನಾನು ರಾಜ್ಯ ಸರ್ಕಾರದ ಇಲಾಖೆಯೊಂದರಲ್ಲಿ ಪ್ರಥಮ ದರ್ಜೆ ಸಹಾಯಕ. ಅಧೀಕ್ಷಕ ಹುದ್ದೆಗೆ ಅರ್ಹರ ಅಂತಿಮ ಜ್ಯೇಷ್ಠತಾ ಪಟ್ಟಿಯಲ್ಲಿ ನನ್ನ ಹೆಸರು ನಾಲ್ಕನೆಯದು. ಇಲಾಖಾ ಪದೋನ್ನತಿ ಸಮಿತಿ ಮಾರ್ಚ್ 14ರಂದು ಸಭೆ ಸೇರಿತು. ಏಪ್ರಿಲ್ 10ರ ಆದೇಶದಲ್ಲಿ ನನಗಿಂತ ಕಿರಿಯರಾದ ಇಬ್ಬರ ಹೆಸರಿತ್ತು, ನನ್ನದಿರಲಿಲ್ಲ. ಸಿಬ್ಬಂದಿ ಶಾಖೆಯಲ್ಲಿ ಕೇಳಿದರೆ "ನಿಮ್ಮ ಮೇಲೆ ವಿಚಾರಣೆ ಬಾಕಿ ಇದೆ" ಎಂದರು. ಕಡತ ವಿಲೇವಾರಿ ತಡವಾದದ್ದಕ್ಕೆ ಜನವರಿಯಲ್ಲಿ ಕಾರಣ ಕೇಳುವ ನೋಟಿಸ್ ಬಂದಿತ್ತು, ಸಮಜಾಯಿಷಿಯನ್ನೂ ಕೊಟ್ಟಿದ್ದೆ. ದೋಷಾರೋಪಣ ಪಟ್ಟಿ ನನ್ನ ಕೈಸೇರಿದ್ದು ಮೇ ತಿಂಗಳಲ್ಲಿ. ಹೀಗೆ ಕೈಬಿಟ್ಟದ್ದು ಸರಿಯೇ?

ಉತ್ತರ 1

ಪದೋನ್ನತಿ ಯಾರ ಹಕ್ಕೂ ಅಲ್ಲ. ಆದರೆ ಸರದಿ ಬಂದಾಗ ಪರಿಗಣನೆಗೆ ಒಳಗಾಗುವುದು ಸಂವಿಧಾನದ 16ನೇ ವಿಧಿಯಡಿ ಮೂಲಭೂತ ಹಕ್ಕು. 1991ರಲ್ಲಿ ಕೆ.ವಿ. ಜಾನಕಿರಾಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಇಲಾಖಾ ವಿಚಾರಣೆಯಲ್ಲಿ ದೋಷಾರೋಪಣೆಯ ಜ್ಞಾಪನ (ಅಂದರೆ ದೋಷಾರೋಪಣ ಪಟ್ಟಿ) ಅಥವಾ ಕ್ರಿಮಿನಲ್ ಮೊಕದ್ದಮೆಯಲ್ಲಿ ಆರೋಪಪಟ್ಟಿ ಹೊರಟ ಮೇಲಷ್ಟೇ ಮೊಹರು ಲಕೋಟೆಯ ಕ್ರಮ (ಸಮಿತಿಯ ಅಭಿಪ್ರಾಯವನ್ನು ವಿಚಾರಣೆ ಮುಗಿಯುವವರೆಗೆ ಮುಚ್ಚಿದ ಲಕೋಟೆಯಲ್ಲಿಡುವುದು) ಅನುಸರಿಸಬಹುದೆಂದೂ, ಪ್ರಾಥಮಿಕ ತನಿಖೆಯ ನೆಪದಲ್ಲಿ ಪದೋನ್ನತಿ ತಡೆಯುವಂತಿಲ್ಲವೆಂದೂ ಹೇಳಿದೆ. ಕಾರಣ ಕೇಳುವ ನೋಟಿಸ್ ದೋಷಾರೋಪಣೆಯಲ್ಲ. ಹಾಗಾಗಿ ನಿಮ್ಮ ಪರ ಬಲವಾದ ವಾದವಿದೆ.

ಉತ್ತರ 2

ಇಷ್ಟು ಬೇಗ ತೀರ್ಮಾನಕ್ಕೆ ಬರಬೇಡಿ. ದೋಷಾರೋಪಣ ಪಟ್ಟಿ ನೌಕರನ ಕೈಸೇರಬೇಕೆಂದಿಲ್ಲ, ಅದನ್ನು ಸಿದ್ಧಪಡಿಸಿ ರವಾನಿಸಿದರೆ ಹೊರಡಿಸಿದಂತೆಯೇ ಎಂದು ದೆಹಲಿ ಅಭಿವೃದ್ಧಿ ಪ್ರಾಧಿಕಾರ ಮತ್ತು ಎಚ್.ಸಿ. ಖುರಾನಾ ನಡುವಿನ 1993ರ ತೀರ್ಪು ಹೇಳುತ್ತದೆ. ಜ್ಞಾಪನದ ಮೇಲಿನ ದಿನಾಂಕ ಯಾವುದು, ಅಂಚೆಗೆ ಹಾಕಿದ್ದು ಯಾವಾಗ?

ಪ್ರಶ್ನೆ ಕೇಳಿದವರು

ಜ್ಞಾಪನದಲ್ಲಿ ಮಾರ್ಚ್ 28 ಎಂದಿದೆ. ನೋಂದಾಯಿತ ಅಂಚೆಯ ಲಕೋಟೆಯನ್ನು ಇಟ್ಟುಕೊಂಡಿದ್ದೇನೆ. ಅದರ ಮೇಲಿನ ಮೊಹರು ಮೇ 9ರದು.

ಉತ್ತರ 3

ಆ ಲಕೋಟೆಯನ್ನು ಜೋಪಾನವಾಗಿಡಿ. ನಿಮ್ಮ ವ್ಯಾಜ್ಯದ ತಿರುಳು ಅದರಲ್ಲೇ ಇದೆ. ಮಾರ್ಚ್ 28 ನಿಜವೆಂದಾದರೆ ದೋಷಾರೋಪಣೆ ಸಮಿತಿಯ ಸಭೆಯ ನಂತರ, ಆದೇಶಕ್ಕೆ ಮೊದಲು ಆದದ್ದು. ಈ ನಡುವಿನ ಅವಧಿಗೂ ಮೊಹರು ಲಕೋಟೆಯ ಕ್ರಮವನ್ನು ಅನ್ವಯಿಸುವ ಕೇಂದ್ರದ ಸೂಚನೆಯನ್ನು ಆರ್.ಎಸ್. ಶರ್ಮಾ ಪ್ರಕರಣದಲ್ಲಿ (2000) ಸುಪ್ರೀಂ ಕೋರ್ಟ್ ಎತ್ತಿಹಿಡಿದಿದೆ. ರಾಜ್ಯದ ಸುತ್ತೋಲೆಯಲ್ಲಿ ಅಂಥದೇ ಷರತ್ತು ಇದೆಯೇ ಎಂಬುದನ್ನು ವಕೀಲರ ಜೊತೆ ಕುಳಿತು ಪರಿಶೀಲಿಸಿ. ಪಟ್ಟಿ ನಿಜವಾಗಿ ಕಚೇರಿಯಿಂದ ಹೊರಟಿದ್ದು ಮೇ 9ರಂದೇ ಆಗಿದ್ದರೆ ಆದೇಶದ ದಿನ ಯಾವ ದೋಷಾರೋಪಣೆಯೂ ಹೊರಟಿರಲಿಲ್ಲ. ಹಾಗಾಗಿ ಮಾಹಿತಿ ಹಕ್ಕಿನಡಿ ರವಾನೆ ವಹಿಯ (ಕಚೇರಿಯಿಂದ ಹೊರಹೋಗುವ ಪತ್ರಗಳ ದಾಖಲೆ ಪುಸ್ತಕ) ಮಾರ್ಚ್ 28ರಿಂದ ಮೇ 9ರವರೆಗಿನ ಪುಟಗಳನ್ನೂ, ನಿಮಗೆ ಸಂಬಂಧಿಸಿದಷ್ಟು ಸಮಿತಿ ನಡವಳಿಯನ್ನೂ ಕೇಳಿ. ಸಮಿತಿ ನಿಮ್ಮನ್ನು ಪರಿಗಣಿಸಿ ತನ್ನ ಅಭಿಪ್ರಾಯವನ್ನು ಮೊಹರು ಲಕೋಟೆಯಲ್ಲಿಟ್ಟಿತೋ ಅಥವಾ ಪರಿಗಣಿಸಲೇ ಇಲ್ಲವೋ ಎಂಬುದು ನಡವಳಿಯಿಂದ ತಿಳಿಯುತ್ತದೆ. ಪರಿಗಣಿಸಲೇ ಇಲ್ಲದಿದ್ದರೆ ಅದು ಪ್ರತ್ಯೇಕ ದೋಷ, ನನ್ನ ಮಟ್ಟಿಗೆ ಇನ್ನೂ ದೊಡ್ಡದು.

ಮೊದಲು ನೇಮಕಾತಿ ಪ್ರಾಧಿಕಾರಕ್ಕೆ ಲಿಖಿತ ಮನವಿ ಕೊಟ್ಟು ಆವಕ ಸಂಖ್ಯೆ ಪಡೆಯಿರಿ. ಆರು ತಿಂಗಳಲ್ಲಿ ಉತ್ತರ ಬಾರದಿದ್ದರೆ ಅಲ್ಲಿಂದ ಒಂದು ವರ್ಷದೊಳಗೆ, ತಿರಸ್ಕರಿಸಿದರೆ ಆ ಆದೇಶದಿಂದ ಒಂದು ವರ್ಷದೊಳಗೆ, ಆಡಳಿತ ನ್ಯಾಯಮಂಡಳಿಗಳ ಅಧಿನಿಯಮ, 1985ರಂತೆ ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ (ಕೆಎಟಿ) ಅರ್ಜಿ ಹಾಕಬೇಕು. ಮನವಿಯ ಮೇಲೆ ಮನವಿ ಬರೆಯುತ್ತಾ ಹೋದರೆ ಕಾಲಮಿತಿ ಬೆಳೆಯುವುದಿಲ್ಲ. ನಮ್ಮ ಕಚೇರಿಗಳಲ್ಲಿ ಎಷ್ಟೋ ಒಳ್ಳೆಯ ಪ್ರಕರಣಗಳು ಹಾಳಾಗಿರುವುದು ಇಲ್ಲಿಯೇ. ಕಿರಿಯರ ಪದೋನ್ನತಿಯನ್ನೇ ಪ್ರಶ್ನಿಸುವುದಾದರೆ ಅವರಿಬ್ಬರನ್ನೂ ಪ್ರತಿವಾದಿಗಳನ್ನಾಗಿ ಸೇರಿಸಿ. ವಿಚಾರಣೆಯಲ್ಲಿ ಪೂರ್ಣ ದೋಷಮುಕ್ತರಾದರೆ ಕಿರಿಯರು ಬಡ್ತಿ ಪಡೆದ ದಿನದಿಂದಲೇ ಪದೋನ್ನತಿ ಕೇಳಬಹುದು. ಬಾಕಿ ವೇತನದ ಬಗ್ಗೆ ಪ್ರಾಧಿಕಾರ ಸಂದರ್ಭ ನೋಡಿ ನಿರ್ಧರಿಸುತ್ತದೆ. ಅದನ್ನು ನಿರಾಕರಿಸುವುದಾದರೆ ಕಾರಣವನ್ನು ದಾಖಲಿಸಲೇಬೇಕು.