ಸಹಾಯ ಬೇಕು: ಪಕ್ಕದವರು ಕಣಿ (ನೀರು ಹರಿಯುವ ಕಾಲುವೆ) ಮುಚ್ಚಿದ್ದಾರೆ, ತೋಟದಲ್ಲಿ ನೀರು ನಿಂತಿದೆ

ನಮಸ್ಕಾರ. ನಮ್ಮದು ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕ ಕಡೆ, ಬೈಲಿನಲ್ಲಿ (ತಗ್ಗು ಜಾಗದಲ್ಲಿ) ಸಣ್ಣ ಅಡಿಕೆ ತೋಟ. ಅಜ್ಜನ ಕಾಲದಿಂದ ಮಳೆನೀರು ಪಕ್ಕದ ಜಾಗದ ಕಣಿಯಲ್ಲಿ ಹರಿದು ತೋಡು (ಹಳ್ಳ) ಸೇರುತ್ತಿತ್ತು. ಕಳೆದ ಬೇಸಿಗೆಯಲ್ಲಿ ಅವರು ಲೋಡುಗಟ್ಟಲೆ ಮಣ್ಣು ಹಾಕಿ ಜಾಗ ಎತ್ತರ ಮಾಡಿ, ಕಣಿ ಮುಚ್ಚಿ, ಅದರ ಮೇಲೆಯೇ ಕೆಂಪುಕಲ್ಲಿನ ಕಾಂಪೌಂಡ್ ಕಟ್ಟಿದರು. ಈಗ ಆಟಿ ತಿಂಗಳ ಮಳೆಗೆ ತೋಟದಲ್ಲಿ ಮೊಣಕಾಲುದ್ದ ನೀರು. ಬಾವಿ ನೀರೂ ಕೆಂಪಾಗಿದೆ. ಕೇಳಿದರೆ "ನಿಮ್ಮ ನೀರು ನೀವೇ ನೋಡಿಕೊಳ್ಳಿ" ಅಂತಾರೆ. ಮೊನ್ನೆ ತನಕ ಒಟ್ಟಿಗೆ ಭೂತಕೋಲಕ್ಕೆ ಹೋಗ್ತಿದ್ದವರು!

ಪಂಚಾಯತಿಗೆ ಅರ್ಜಿ ಕೊಟ್ಟೆ, ಬಂದು ನೋಡಿ ಹೋದರು, ಅಷ್ಟೇ.

ಪರಿಚಯದ ವಕೀಲರು ಹೇಳಿದ್ದು: 1882ರ ಈಸ್‌ಮೆಂಟ್ (ಬೇರೆಯವರ ಜಾಗದ ಮೇಲೆ ನಮಗಿರುವ ದಾರಿ, ನೀರಿನಂಥ ಅನುಭೋಗದ ಹಕ್ಕು) ಕಾಯ್ದೆಯಲ್ಲಿ 20 ವರ್ಷ ತಡೆಯಿಲ್ಲದೆ ಹಕ್ಕಿನಂತೆ ನೀರು ಹರಿದಿದ್ದರೆ ಅದು ನಮ್ಮ ಹಕ್ಕು, ಆದರೆ ಅಡ್ಡಿಯಾದ 2 ವರ್ಷದೊಳಗೆ ಕೇಸು ಹಾಕಬೇಕು. ಪಕ್ಕದವರು ಮಣ್ಣು ತುಂಬಿಸಿದ್ದು ಹಳೇ ಗದ್ದೆಗೆ. ಡೇಟಾ ಬ್ಯಾಂಕಿನಲ್ಲಿ (ಗದ್ದೆಗಳ ಸರ್ಕಾರಿ ಪಟ್ಟಿ) ಗದ್ದೆ ಅಂತಲೇ ಇದ್ದರೆ ಕೇರಳದ 2008ರ ಗದ್ದೆ ಸಂರಕ್ಷಣಾ ಕಾಯ್ದೆಯೂ ಬರುತ್ತದಂತೆ.

ನನ್ನ ಪ್ರಶ್ನೆ, ಮೊದಲು ಆರ್‌ಡಿಒಗೆ (ಕಂದಾಯ ವಿಭಾಗಾಧಿಕಾರಿ) ದೂರು ಕೊಡಲಾ, ನೇರ ಮುನ್ಸಿಫ್ (ಕೆಳಹಂತದ ಸಿವಿಲ್) ಕೋರ್ಟಿಗೆ ಹೋಗಲಾ? ಕಣಿ ಇತ್ತು ಅನ್ನೋದಕ್ಕೆ ಹಳೇ ಫೋಟೋ ಎರಡು, ನೆರೆಯ ಅಜ್ಜ ಒಬ್ಬರ ಮಾತು ಬಿಟ್ಟರೆ ಏನೂ ಇಲ್ಲ, ಸಾಕಾಗುತ್ತಾ? ಅರ್ಜಿ ಕನ್ನಡದಲ್ಲೇ ಕೊಟ್ಟವರು ಯಾರಾದರೂ ಇದ್ದೀರಾ? ನನಗೆ ಮಲಯಾಳ ಮಾತಾಡಲು ಬರುತ್ತದೆ, ಬರೆಯಲು ಬರಲ್ಲ. ಸುಮ್ನೆ ಜಗಳ ಬೇಡ, ನೀರು ಹೋದರೆ ಸಾಕು. ಇಂಥ ಕೇಸು ನಡೆಸಿದವರು ದಯವಿಟ್ಟು ತಿಳಿಸಿ.